ಅಂಗಡಿ ಬಾಡಿಗೆ: ಕಾನೂನು ಎಲ್ಲಿಯವರೆಗೆ ಕಾಯುತ್ತದೆ?

ಟೈಲರಿಂಗ್, ಹಣ್ಣು, ಚಪ್ಪಲಿ, ಮೊಬೈಲ್ ರಿಪೇರಿ ಎಂದು ನಮ್ಮ ಅನೇಕ ಕುಟುಂಬಗಳ ದುಡಿಮೆ ನಡೆಯುವುದು ಬಾಡಿಗೆ ಅಂಗಡಿಯಲ್ಲಿ. "ಇಪ್ಪತ್ತು ವರ್ಷದಿಂದ ಇಲ್ಲೇ ಇದ್ದೇವೆ, ಒಂದು ತಿಂಗಳೂ ಬಾಡಿಗೆ ಬಾಕಿ ಇಟ್ಟಿಲ್ಲ, ನಮ್ಮನ್ನು ಬಿಡಿಸುವವರು ಯಾರು?" ಎಂಬ ಮಾತನ್ನು ನಾವು ಆಗಾಗ ಕೇಳುತ್ತೇವೆ. ಈ ಧೈರ್ಯಕ್ಕೆ ಕಾನೂನಿನ ಆಧಾರ ಎಷ್ಟಿದೆ ಎಂಬುದನ್ನು ಬಾಡಿಗೆದಾರರೂ ಮಾಲೀಕರೂ ತಿಳಿದಿರಬೇಕು.

ಕರ್ನಾಟಕದಲ್ಲಿ 1961ರ ಬಾಡಿಗೆ ನಿಯಂತ್ರಣ ಕಾಯ್ದೆಯ ಬದಲಿಗೆ 1999ರ ಬಾಡಿಗೆ ಕಾಯ್ದೆ ಬಂದಿದೆ. ಅದು ಜಾರಿಯಾದದ್ದು 2001ರ ಡಿಸೆಂಬರ್ 31ರಂದು. ಹಳೆಯ ಕಾಯ್ದೆಯ ನೆನಪಿನಲ್ಲೇ ಇರುವವರು ಗಮನಿಸಬೇಕಾದ ಮುಖ್ಯ ವಿಷಯ ಇದು: ಹೊಸ ಕಾಯ್ದೆಯ ರಕ್ಷಣೆ ಇರುವುದು ತಳ ವಿಸ್ತೀರ್ಣ 14 ಚದರ ಮೀಟರ್ ಮೀರದ ಅಂಗಡಿಗೆ ಮಾತ್ರ. ಅಂದರೆ ಸುಮಾರು 150 ಚದರ ಅಡಿ, ಹತ್ತು ಅಡಿಗೆ ಹದಿನೈದು ಅಡಿಯ ಮಳಿಗೆ. ಬಾಡಿಗೆಗೂ ಮಿತಿ ಇದೆ. ಕಾಯ್ದೆಯ ಮೊದಲ ಪಟ್ಟಿಯ 'ಎ' ಭಾಗದ ಊರುಗಳಲ್ಲಿ ತಿಂಗಳಿಗೆ 3,500 ರೂಪಾಯಿ, ಉಳಿದೆಡೆ 2,000 ರೂಪಾಯಿ ಮೀರಿದರೆ ಕಾಯ್ದೆ ಅನ್ವಯಿಸುವುದಿಲ್ಲ.

ಈ ಮಿತಿಯೊಳಗಿನ ಅಂಗಡಿಯನ್ನು ಬಿಡಿಸಲು ಮಾಲೀಕರು ನ್ಯಾಯಾಲಯದಲ್ಲಿ ಕಾರಣ ತೋರಿಸಬೇಕು. ನೋಟಿಸ್ ಕೊಟ್ಟು ಎರಡು ತಿಂಗಳಾದರೂ ಬಾಕಿ ಕಟ್ಟದಿರುವುದು, ಒಪ್ಪಿಗೆ ಇಲ್ಲದೆ ಒಳಬಾಡಿಗೆಗೆ ಕೊಡುವುದು, ಮಾಲೀಕರಿಗೆ ಸ್ವಂತಕ್ಕೆ ನಿಜವಾಗಿ ಅಗತ್ಯ ಬೀಳುವುದು ಅಂಥ ಕಾರಣಗಳು.

ಇಂದಿನ ಬಾಡಿಗೆ ನೋಡಿದರೆ ನಮ್ಮ ಹೆಚ್ಚಿನ ಅಂಗಡಿಗಳು ಈ ಮಿತಿಯ ಹೊರಗಿವೆ. ಅವುಗಳಿಗೆ ಅನ್ವಯಿಸುವುದು 1882ರ ಸ್ವತ್ತು ವರ್ಗಾವಣೆ ಕಾಯ್ದೆ. ಅದರಡಿ ಕರಾರಿನ ಅವಧಿ ಮುಗಿದ ಮೇಲೆ ಮಾಲೀಕರು ಕಾರಣ ಹೇಳಬೇಕಾಗಿಲ್ಲ. ತಿಂಗಳ ಬಾಡಿಗೆಯ ಅಂಗಡಿಗೆ, ಬೇರೆ ಕರಾರು ಇಲ್ಲದಿದ್ದರೆ, 15 ದಿನಗಳ ನೋಟಿಸ್ ಸಾಕು. ಇಪ್ಪತ್ತು ವರ್ಷ ನಿಯತ್ತಾಗಿ ಬಾಡಿಗೆ ಕಟ್ಟಿದ್ದು ಒಳ್ಳೆಯ ನಡತೆಗೆ ಸಾಕ್ಷಿ, ಆದರೆ ಅದೊಂದರಿಂದಲೇ ಅಂಗಡಿಯ ಮೇಲೆ ಹಕ್ಕು ಬರುವುದಿಲ್ಲ.

ಹಾಗೆಂದು ನೋಟಿಸ್ ಅವಧಿ ಮುಗಿದ ಮರುದಿನವೇ ಶಟರ್‌ಗೆ ಬೀಗ ಹಾಕುವಂತಿಲ್ಲ. ಬಾಡಿಗೆದಾರರು ತಾವಾಗಿ ಬಿಡದಿದ್ದರೆ ಮಾಲೀಕರು ದಾವೆ ಹೂಡಿ ಆದೇಶ ಪಡೆಯಬೇಕು. ಬಲವಂತವಾಗಿ ಸಾಮಾನು ಹೊರಹಾಕಿದರೆ, 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಮಿನಡಿ ಆರು ತಿಂಗಳೊಳಗೆ ದಾವೆ ಹೂಡಿ ಸ್ವಾಧೀನ ಮರಳಿ ಕೇಳಬಹುದು. ಆರು ತಿಂಗಳು ದಾಟಿದರೆ ಈ ದಾರಿ ಮುಚ್ಚುತ್ತದೆ. ಕಟ್ಟಡ ಮಾರಾಟವಾದರೂ ಚಾಲ್ತಿಯಲ್ಲಿರುವ ಕರಾರು ರದ್ದಾಗುವುದಿಲ್ಲ. ಹೊಸ ಮಾಲೀಕರು ಹಳೆಯವರ ಸ್ಥಾನದಲ್ಲಿ ನಿಲ್ಲುತ್ತಾರೆ.

ಆದ್ದರಿಂದ ನಿಜವಾದ ಆಸರೆ ಕರಾರು ಪತ್ರವೇ. ಇಲ್ಲಿಯೇ ಹಲವರು ಎಡವುತ್ತಾರೆ. ಒಂದು ವರ್ಷ ಮೀರಿದ ಕರಾರು ನೋಂದಣಿ ಆಗಲೇಬೇಕು. ಸ್ಟಾಂಪ್ ಪೇಪರಿನ ಮೇಲೆ ಐದು ವರ್ಷ ಎಂದು ಬರೆದು ಸಹಿ ಹಾಕಿ, ನೋಂದಣಿ ಮಾಡಿಸದಿದ್ದರೆ ಆ ಐದು ವರ್ಷದ ಭರವಸೆ ನ್ಯಾಯಾಲಯದಲ್ಲಿ ನಿಲ್ಲುವುದಿಲ್ಲ. ಸಾಮಾನ್ಯವಾಗಿ ಅದು ತಿಂಗಳ ಬಾಡಿಗೆಯಾಗಿಯೇ ಉಳಿಯುತ್ತದೆ. ಅದನ್ನು ನಂಬಿ ಸಾಲ ಮಾಡಿ ಶೋಕೇಸು, ಮೆಷಿನ್ನು ಹಾಕಿದವರ ಬಂಡವಾಳ 15 ದಿನಗಳ ನೋಟಿಸಿಗೆ ಸಿಕ್ಕಿಕೊಳ್ಳುತ್ತದೆ.

ಹಣ ಹೂಡುವ ಮೊದಲು ಅವಧಿ, ನವೀಕರಣ, ಬಾಡಿಗೆ ಏರಿಕೆ, ನೋಟಿಸ್ ಎಷ್ಟು ತಿಂಗಳು, ಅಡ್ವಾನ್ಸ್ ಯಾವಾಗ ವಾಪಸ್ ಎಂಬುದನ್ನು ಬರೆಸಿಕೊಳ್ಳಿ. ಅಡ್ವಾನ್ಸ್, ಗುಡ್‌ವಿಲ್ ಎಂದು ಕೊಟ್ಟ ಹಣಕ್ಕೆ ರಸೀದಿ ಪಡೆಯಿರಿ. ಬಾಡಿಗೆಯನ್ನು ಬ್ಯಾಂಕ್ ಮೂಲಕ ಕಟ್ಟಿ. ನೋಟಿಸ್ ಬಂದರೆ ಪೆಟ್ಟಿಗೆಯಲ್ಲಿಡದೆ ಅದೇ ವಾರ ವಕೀಲರಿಗೆ ತೋರಿಸಿ.

"ಪರಿಚಯದವರು, ಕಾಗದ ಯಾಕೆ?" ಎನ್ನುವವರಿಗೆ ಒಂದು ಮಾತು. ಅವಧಿಯ ಸಾಲದ ವ್ಯವಹಾರವನ್ನು ಬರೆದಿಡಬೇಕೆಂದು ಸೂರಃ ಅಲ್ ಬಕರದ 282ನೇ ಆಯತ್ ಕಲಿಸುತ್ತದೆ. ಬರೆಯುವುದು ಅಪನಂಬಿಕೆಯಲ್ಲ, ಮುಂದೆ ಮನಸ್ತಾಪ ಬಾರದಂತೆ ಮಾಡುವ ಏರ್ಪಾಡು. ಮಾಲೀಕರಾಗಿರುವ ಸಹೋದರರಲ್ಲೂ ನಮ್ಮ ವಿನಂತಿ: 15 ದಿನ ಕಾನೂನು ಕೇಳುವ ಕನಿಷ್ಠ ಮಾತ್ರ. ಹೊಸ ಜಾಗ ಹುಡುಕಲು ಕೆಲವು ತಿಂಗಳು ಕೊಡುವುದನ್ನೂ ಅಡ್ವಾನ್ಸನ್ನು ಕೈಗೆ ಕೊಟ್ಟು ಬೀಗದ ಕೈ ಪಡೆಯುವುದನ್ನೂ ಯಾವ ಕಾನೂನೂ ತಡೆಯುವುದಿಲ್ಲ.