ಬೆಳ್ಳಿತೆರೆಯ ಜೋಡಿ, ಮನೆಯ ಜೋಡಿ

ಕಳೆದ ಚಳಿಗಾಲದ ಒಂದು ಭಾನುವಾರ ಸೊರೆಂಟೊ ವ್ಯಾಲಿಯ ನಮ್ಮ ಮನೆಯಲ್ಲಿ ಮೂವರೂ ಕುಳಿತು ‘ಎರಡು ಕನಸು’ (1974) ನೋಡಿದೆವು. ತಾಯಿಯ ಒತ್ತಾಯಕ್ಕೆ ಮದುವೆಯಾದ ರಾಜ್‌ಕುಮಾರ್ ಮನಸ್ಸಿನಲ್ಲಿ ಮಂಜುಳಾ. ಮನೆಯಲ್ಲಿ ಗಂಡನ ಒಂದು ಮಾತಿಗಾಗಿ ಕಾಯುವ ಕಲ್ಪನಾ. ಇಲ್ಲೇ ಹುಟ್ಟಿ ಬೆಳೆದ ಮಗಳು ಕೇಳಿದಳು: “ಅಪ್ಪಾ, ಇದು ಲವ್ ಸ್ಟೋರಿನಾ? ಗಂಡ-ಹೆಂಡತಿ ಮಾತೇ ಆಡ್ತಿಲ್ಲವಲ್ಲ!”

ನಿಜವೇ. ಆ ಕಾಲದ ಎಷ್ಟೋ ಚಿತ್ರಗಳಲ್ಲಿ ಪ್ರೀತಿ ಹಣ್ಣಾಗುತ್ತಿದ್ದುದು ತಾಳಿ ಕಟ್ಟಿದ ಮೇಲೆ. ‘ನಾಗರಹಾವು’ (1972) ಚಿತ್ರದಲ್ಲಿ ಪುಟ್ಟಣ್ಣ ಕಣಗಾಲರು ಜಾತಿ-ಧರ್ಮದ ಗೋಡೆ ತೋರಿಸಿದರು. ರಾಮಾಚಾರಿಗೆ ಅಲಮೇಲುವೂ ದಕ್ಕಲಿಲ್ಲ, ಮಾರ್ಗರೆಟ್ ಜೊತೆ ಬಾಳಲೂ ಆಗಲಿಲ್ಲ. 1979ರಲ್ಲಿ ‘ನಾ ನಿನ್ನ ಬಿಡಲಾರೆ’, ‘ಚಂದನದ ಗೊಂಬೆ’ ಚಿತ್ರಗಳೊಂದಿಗೆ ಅನಂತನಾಗ್–ಲಕ್ಷ್ಮಿ ಜೋಡಿ ಮನೆಮಾತಾಯಿತು. ಪಕ್ಕದ ಮನೆಯ ದಂಪತಿಗಳನ್ನೇ ನೋಡಿದಂತಿತ್ತು. 1987ರಲ್ಲಿ ‘ಪ್ರೇಮಲೋಕ’ ಬಂದಾಗ ನಾವು ಕಾಲೇಜು ಹುಡುಗರು. ಹಂಸಲೇಖರ ಹಾಡುಗಳ ಕ್ಯಾಸೆಟ್ ಹಾಸ್ಟೆಲಿನಲ್ಲಿ ಸವೆದೇ ಹೋಯಿತು!

ಆಮೇಲೆ, ತೊಂಬತ್ತರ ದಶಕದಲ್ಲಿ, ನಾಗತಿಹಳ್ಳಿ ಚಂದ್ರಶೇಖರರ ‘ಅಮೆರಿಕಾ ಅಮೆರಿಕಾ’. ಹಣದ ಬೆನ್ನು ಹತ್ತಿದ ಗಂಡ, ಪರದೇಶದಲ್ಲಿ ಒಂಟಿಯಾದ ಭೂಮಿಕಾ. ನನ್ನ ರೆಸಿಡೆನ್ಸಿ ದಿನಗಳಲ್ಲಿ ಅದರ ವಿಡಿಯೋ ಕ್ಯಾಸೆಟ್ ಮನೆಗೆ ಬಂತು. ಮೂವತ್ತು ಗಂಟೆಯ ಡ್ಯೂಟಿ ಮುಗಿಸಿ ಬಂದವನು ಸೋಫಾದಲ್ಲೇ ನಿದ್ದೆ ಹೋದೆ. ಹೆಂಡತಿ ಒಬ್ಬಳೇ ನೋಡಿ ಮುಗಿಸಿದಳು. ಹೇಗಿತ್ತು ಎಂದು ನಾನು ಕೇಳಲಿಲ್ಲ. ಆಗ ಆಕೆಗೆ ಕಾರು ಓಡಿಸಲೂ ಬರುತ್ತಿರಲಿಲ್ಲ.

2006ರ ಕೊನೆಯಲ್ಲಿ ಬಂದ ‘ಮುಂಗಾರು ಮಳೆ’ಯ ಸಂಗೀತ ನಮ್ಮ ಕ್ಯಾಲಿಫೋರ್ನಿಯಾದವರೇ ಆದ ಮನೋಮೂರ್ತಿಯವರದು. ಬಾಯಿ ಬಡುಕ ಗಣೇಶ್ ಕೊನೆಗೆ ಮಾತು ನುಂಗಿಕೊಂಡು ಹುಡುಗಿಯನ್ನು ಬಿಟ್ಟುಕೊಡುತ್ತಾನೆ. ಹುಡುಗಿಯ ತಂದೆ ಯಾರು? ಅಂದಿನ ಪ್ರೇಮಿ ಅನಂತನಾಗ್! 2016ರ ‘ಗೋಧಿ ಬಣ್ಣ ಸಾಧಾರಣ ಮೈಕಟ್ಟು’ ಚಿತ್ರದಲ್ಲಂತೂ ಅವರು ಆಲ್‌ಝೈಮರ್ಸ್ ಪೀಡಿತ ವೆಂಕೋಬರಾವ್. ಈ ಕಾಯಿಲೆಯಲ್ಲಿ ಸಾಮಾನ್ಯವಾಗಿ ಮೊದಲು ಮಾಸುವುದು ಇತ್ತೀಚಿನ ನೆನಪು. ಹಳೆಯದು ಬಹಳ ಕಾಲ ಉಳಿಯುತ್ತದೆ. ರೋಗಿಗಳ ಮನೆಯವರಿಗೆ ಇದನ್ನು ಎಷ್ಟೋ ಸಲ ವಿವರಿಸಿದ್ದೇನೆ. ಆದರೆ ನನ್ನ ಹೆಂಡತಿಯ ಹಳೆಯ ನೆನಪಿನಲ್ಲಿ ಏನಿದೆ ಎಂದು ಯೋಚಿಸಿರಲಿಲ್ಲ.

ಆ ಭಾನುವಾರ ಚಿತ್ರ ಮುಗಿದ ಮೇಲೆ ಕೇಳಿಯೇಬಿಟ್ಟೆ: “ಅವತ್ತು ‘ಅಮೆರಿಕಾ ಅಮೆರಿಕಾ’ ಹೇಗಿತ್ತು?” ಇಪ್ಪತ್ತು ವರ್ಷಕ್ಕೂ ಮೀರಿ ತಡವಾದ ಪ್ರಶ್ನೆ.

“ತುಂಬಾ ಅಳು ಬಂತು. ನಿಮ್ಮನ್ನ ಎಬ್ಬಿಸೋಣ ಅಂತ ಬಂದೆ. ಶೂ ಕೂಡ ಬಿಚ್ಚದೆ ಮಲಗಿದ್ರಿ. ಶೂ ಬಿಚ್ಚಿ, ಹೊದಿಸಿ, ಹೋಗಿ ಮಲಗಿದೆ,” ಎಂದಳು.

ಓದುಗರೇ, ಈ ಹಬ್ಬದ ರಜೆಯಲ್ಲಿ ನೀವೂ ಒಂದು ಹಳೆಯ ಕನ್ನಡ ಚಿತ್ರ ಹಾಕಿ, ಜೊತೆಯಲ್ಲಿ ಕುಳಿತು ನೋಡಿ. ದಯವಿಟ್ಟು ನಿದ್ದೆ ಮಾತ್ರ ಮಾಡಬೇಡಿ!