ಬೇಚಿರಾಕ್ ನೆಲ ಮತ್ತು ಊರು: ಧ್ರುವಪ್ರದೇಶದ ಶಾಶ್ವತ ವಸತಿಯ ಪ್ರಶ್ನೆ, ಸನ್ನತಿಯ ನೆಲೆಯಿಂದ

ಜನವಸತಿಯಿಲ್ಲದ ಗ್ರಾಮವನ್ನು ಕಂದಾಯ ದಾಖಲೆಗಳಲ್ಲಿ ‘ಬೇಚಿರಾಕ್’ ಎಂದು ನಮೂದಿಸುವ ರೂಢಿ ಕರ್ನಾಟಕದಲ್ಲಿ ಇದೆ. ಪಾರ್ಸಿಯಲ್ಲಿ ‘ಚಿರಾಗ್’ ಎಂದರೆ ದೀಪ. ಬೇಚಿರಾಕ್ ಎಂದರೆ ದೀಪವಿಲ್ಲದ್ದು. ಅಂತಹ ಗ್ರಾಮಕ್ಕೆ ಎಲ್ಲೆಯುಂಟು, ಸರ್ವೆ ನಂಬರುಗಳುಂಟು, ಉಳುವ ಹೊಲಗಳುಂಟು, ಹಲವೆಡೆ ಹಾಳುಬಿದ್ದ ಹನುಮಂತನ ಗುಡಿಯೂ ಉಂಟು. ಇಲ್ಲದಿರುವುದು ಸಂಜೆಗೆ ದೀಪ ಹಚ್ಚುವ ಮನೆ ಮಾತ್ರ. ‘ಹಾಳೂರಿಗೆ ಉಳಿದವನೇ ಗೌಡ’ ಎಂಬ ಗಾದೆ ಹಾಸ್ಯದ್ದೆಂದು ತೋರಿದರೂ, ಒಬ್ಬಿಬ್ಬರು ಉಳಿದ ಮಾತ್ರಕ್ಕೆ ಊರು ಊರಾಗಿ ಉಳಿಯುವುದಿಲ್ಲವೆಂಬ ತಿಳಿವಳಿಕೆ ಅದರೊಳಗಿದೆ. ಹಿಮಾವೃತ ಧ್ರುವಪ್ರದೇಶಗಳಲ್ಲಿ ಮನುಷ್ಯ ಶಾಶ್ವತವಾಗಿ ನೆಲಸಬಲ್ಲನೇ ಎಂಬ ಪ್ರಶ್ನೆಯನ್ನು ಸಾಮಾನ್ಯವಾಗಿ ಚಳಿಯನ್ನು ತಡೆಯುವ ತಂತ್ರದ ಪ್ರಶ್ನೆಯಾಗಿ ಎತ್ತಲಾಗುತ್ತದೆ. ಜನಪದದ ಅಳತೆಗೋಲಿನಲ್ಲಿ ಅದು ದೀಪದ ಪ್ರಶ್ನೆ: ಅದನ್ನು ಹಚ್ಚುವವರು ಯಾರು, ಎಣ್ಣೆ ಬರುವುದು ಎಲ್ಲಿಂದ?

ಈ ಪ್ರಶ್ನೆಯನ್ನು ವಿವೇಚಿಸಲು ಕಲಬುರಗಿ ಜಿಲ್ಲೆ ಚಿತ್ತಾಪುರ ತಾಲ್ಲೂಕಿನ ಸನ್ನತಿ ಒಂದು ಉಪಯುಕ್ತ ನಿದರ್ಶನ. ಇಲ್ಲಿ ಹಿಮವಿಲ್ಲ; ಬೇಸಿಗೆಯಲ್ಲಿ 40 ಡಿಗ್ರಿ ಸೆಲ್ಸಿಯಸ್ ದಾಟುವ ಬಿಸಿಲು, ಶಹಾಬಾದಿ ಕಲ್ಲಿನ ಮನೆಗಳು, ಪಕ್ಕದಲ್ಲಿ ಭೀಮಾನದಿ. ಆದರೆ ಒಂದೇ ನದೀತೀರದಲ್ಲಿ ಅಳಿದುಹೋದ ವಸತಿ ಮತ್ತು ಉಳಿದುಬಂದ ವಸತಿ ಇಲ್ಲಿ ಜೊತೆಜೊತೆಗೆ ಕಾಣಸಿಗುತ್ತವೆ.

ಸನ್ನತಿಯ ರಣಮಂಡಲವೆಂಬ ಕೋಟೆಯ ಆವರಣವೂ ನೆರೆಯ ಕನಗನಹಳ್ಳಿಯ ಮಹಾಸ್ತೂಪವೂ ಮೌರ್ಯ–ಶಾತವಾಹನ ಕಾಲದ ದೊಡ್ಡದೊಂದು ನಗರವನ್ನು ಸೂಚಿಸುತ್ತವೆ. 1994ರಿಂದ 2001ರವರೆಗೆ ಭಾರತೀಯ ಪುರಾತತ್ತ್ವ ಸರ್ವೇಕ್ಷಣ ಇಲಾಖೆ ಕನಗನಹಳ್ಳಿಯಲ್ಲಿ ನಡೆಸಿದ ಉತ್ಖನನದಲ್ಲಿ, ಸ್ಥಳೀಯ ಸುಣ್ಣಕಲ್ಲಿನಲ್ಲಿ ಕೆತ್ತಿದ ಶಿಲ್ಪಫಲಕಗಳು, ದಾನಿಗಳ ಹೆಸರುಳ್ಳ ಪ್ರಾಕೃತ ಬರಹಗಳು ಮತ್ತು ‘ರಾಯ ಅಸೋಕ’ ಎಂಬ ಬ್ರಾಹ್ಮೀ ಬರಹವಿರುವ ಅಶೋಕನ ಉಬ್ಬುಚಿತ್ರ ದೊರೆತವು. ಕ್ರಿಸ್ತಶಕ ಮೂರನೆಯ ಶತಮಾನದ ಅನಂತರ ಈ ವೈಭವ ಕುಗ್ಗಿತು. ವಣಿಕರ ದಾನ ಮತ್ತು ದೂರದ ವ್ಯಾಪಾರಗಳ ಮೇಲೆ ನಿಂತಿದ್ದ ಬೌದ್ಧಕೇಂದ್ರಗಳು ಶಾತವಾಹನರ ಪತನದೊಡನೆ ಬಡವಾದವೆಂಬುದು ಇತಿಹಾಸಕಾರರಲ್ಲಿ ಅನೇಕರ ಅಭಿಪ್ರಾಯ. ಸ್ತೂಪ ಮಣ್ಣಿನಡಿ ಸೇರಿತು. ಜೋಳ, ತೊಗರಿ ಬೆಳೆಯುವ ಊರು ನದಿಯ ಬದಿಯಲ್ಲಿಯೇ ಉಳಿಯಿತು. ಸೇಡಂ ತಾಲ್ಲೂಕಿನ ಮಳಖೇಡದ ಕಥೆಯೂ ಭಿನ್ನವಲ್ಲ. 972ರಲ್ಲಿ ಪರಮಾರ ಸೀಯಕ ಮಾನ್ಯಖೇಟವನ್ನು ಸೂರೆಗೊಂಡನು. ರಾಷ್ಟ್ರಕೂಟರ ರಾಜಧಾನಿ ಅಳಿಯಿತು, ಕಾಗಿಣಾ ದಂಡೆಯ ಹಳ್ಳಿ ಉಳಿಯಿತು.

ಉಳಿದವರು ಅಳಿದುದನ್ನು ಹೇಗೆ ಬಳಸಿಕೊಂಡರೆಂಬುದಕ್ಕೆ 1986ರ ಘಟನೆ ಸಾಕ್ಷಿಯಾಗಿದೆ. ಸನ್ನತಿಯ ಚಂದ್ರಲಾಂಬಾ ದೇವಾಲಯದ ಆವರಣದಲ್ಲಿರುವ ಕಾಳಿಕಾದೇವಿಯ ಗುಡಿಯ ಛಾವಣಿ ಕುಸಿದು ವಿಗ್ರಹಕ್ಕೆ ಹಾನಿಯಾದಾಗ, ಅದರ ಪೀಠವು ಅಶೋಕನ ಶಾಸನಶಿಲೆಯೆಂದು ತಿಳಿದುಬಂತು. 12 ಮತ್ತು 14ನೆಯ ಬಂಡೆಶಾಸನಗಳೂ ಧೌಲಿ, ಜೌಗಡಗಳಲ್ಲಿ ಮಾತ್ರ ದೊರೆತಿದ್ದ ಎರಡು ಪ್ರತ್ಯೇಕ ಶಾಸನಗಳೂ ಅದರಲ್ಲಿವೆ. ದೇವಿಯನ್ನು ನಿಲ್ಲಿಸಲು ಶಿಲೆಯ ನಡುವೆ ಚೌಕಾಕಾರದ ಕುಳಿ ತೋಡಿರುವುದರಿಂದ ಕೆಲವು ಅಕ್ಷರಗಳು ನಷ್ಟವಾಗಿವೆ. ಲಿಪಿತಜ್ಞರಿಗೆ ಇದು ನೋವಿನ ಸಂಗತಿ. ಜಾನಪದ ಅಧ್ಯಯನಕ್ಕೆ ಆ ಕುಳಿಯೂ ಒಂದು ಬರಹವೇ.

ಚಂದ್ರಲಾಂಬೆಯ ಸ್ಥಳಪುರಾಣದಲ್ಲಿ ಈ ಚರ್ಚೆಗೆ ನೇರವಾಗಿ ಸಂಬಂಧಿಸಿದ ಒಂದು ಆಶಯವಿದೆ. ಪಾಠಭೇದಗಳನ್ನು ಬದಿಗಿಟ್ಟರೆ ಕಥೆ ಇಷ್ಟು: ಸೇತುರಾಜನಿಂದ ಪತ್ನಿಯನ್ನು ಕಳೆದುಕೊಂಡ ನಾರಾಯಣ ಮುನಿಯ ಮೊರೆಗೆ ಓಗೊಟ್ಟು ಹಿಂಗುಳಾದೇವಿ ದೂರದಿಂದ ಅವನ ಹಿಂದೆ ಬರುತ್ತಾಳೆ, ಹಿಂತಿರುಗಿ ನೋಡಬಾರದೆಂಬ ನಿಯಮ ತಪ್ಪುತ್ತದೆ, ದುಂಬಿಗಳಿಂದ ಅರಸನ ನಾಶವಾಗುತ್ತದೆ, ದೇವಿ ಭೀಮಾತೀರದಲ್ಲಿ ನೆಲೆನಿಲ್ಲುತ್ತಾಳೆ. ಬಂದದ್ದು ಒಂದು ಕೆಲಸಕ್ಕಾಗಿ, ನಿಂತದ್ದು ಕೆಲಸ ಮುಗಿದ ಮೇಲೆ. ಕೆಲಸ ಮುಗಿದೊಡನೆ ಹೊರಟುಹೋಗುವವರ ತಾಣವನ್ನು ಕನ್ನಡ ‘ಬಿಡಾರ’ವೆನ್ನುತ್ತದೆ. ‘ಊರು’ ಎಂಬ ನಾಮಪದವೂ ಕಾಲೂರು, ಬೇರೂರು ಎನ್ನುವಲ್ಲಿನ ‘ಊರು’ ಎಂಬ ಕ್ರಿಯಾಪದವೂ ಆಡುವವರ ಕಿವಿಗೆ ಒಂದೇ ಸೊಲ್ಲು. ಧ್ರುವಪ್ರದೇಶದ ವಸತಿಗಳನ್ನು ಈ ಎರಡು ಶಬ್ದಗಳ ನಡುವೆ ಇಟ್ಟು ನೋಡಿದರೆ, ಉತ್ತರ ಧ್ರುವಕ್ಕೆ ಒಂದು ಉತ್ತರವೂ ದಕ್ಷಿಣ ಧ್ರುವಕ್ಕೆ ಬೇರೊಂದು ಉತ್ತರವೂ ದೊರೆಯುತ್ತದೆ.

ಉತ್ತರದ ಆರ್ಕ್ಟಿಕ್‌ನಲ್ಲಿ ಪ್ರಶ್ನೆಯೇ ಅನವಶ್ಯಕ. ಅಲ್ಲಿ ಜನ ಇದ್ದಾರೆ. ಸೈಬೀರಿಯಾದ ಯಾನಾ ನದಿಯ ದಡದಲ್ಲಿ, ಆರ್ಕ್ಟಿಕ್ ವೃತ್ತಕ್ಕೂ ಉತ್ತರದಲ್ಲಿ, 30,000 ವರ್ಷಗಳಿಗೂ ಹಿಂದಿನ ಮಾನವ ವಸತಿಯ ಕುರುಹುಗಳಿವೆ. ಹೊಲಿಗೆಯ ಮೂಳೆಸೂಜಿಗಳೂ ಅವುಗಳಲ್ಲಿ ಸೇರಿವೆ. ಉಷ್ಣವಲಯದ ದೇಹವನ್ನು ಹಿಮದ ನಾಡಿಗೆ ಒಯ್ದದ್ದು ದೇಹಬಲಕ್ಕಿಂತ ಹೆಚ್ಚಾಗಿ ಸೂಜಿ ಮತ್ತು ದೀಪ. ಇನ್ಯೂಟ್ ಜನರ ‘ಕುಲ್ಲಿಕ್’ ಎಂಬ ದೀಪ ಬಳಪದ ಕಲ್ಲಿನಲ್ಲಿ ಕಡೆದ ಅರ್ಧಚಂದ್ರಾಕಾರದ ತಟ್ಟೆ. ಅದಕ್ಕೆ ಸೀಲ್ ಪ್ರಾಣಿಯ ಕೊಬ್ಬೇ ಎಣ್ಣೆ, ಪಾಚಿ ಮತ್ತು ಹತ್ತಿಹುಲ್ಲಿನ ಅರಳೆಯೇ ಬತ್ತಿ. ಬೆಳಕು, ಬಿಸುಪು, ಹಿಮ ಕರಗಿಸಿದ ಕುಡಿಯುವ ನೀರು, ಒದ್ದೆ ಬಟ್ಟೆ ಒಣಗಿಸುವ ಶಾಖ ಇವೆಲ್ಲ ಅದೊಂದರಿಂದಲೇ. ಅದನ್ನು ನೋಡಿಕೊಳ್ಳುವವಳು ಮನೆಯ ಹೆಣ್ಣುಮಗಳು. ಅಲ್ಲಿ ಕಲ್ಲು, ಎಣ್ಣೆ, ಬತ್ತಿ ಮೂರೂ ಆ ನೆಲ–ನೀರಿನವೇ. ಹಸಿರು ತರಕಾರಿಯಿಲ್ಲದ ಆಹಾರದಲ್ಲಿ ಸಿ ಜೀವಸತ್ವವನ್ನು ಒದಗಿಸುವ ತಿಮಿಂಗಿಲದ ಹಸಿ ಚರ್ಮವೂ ಅಲ್ಲಿಯದೇ.

ಇದಕ್ಕೆ ವ್ಯತಿರಿಕ್ತವಾದುದು ಗ್ರೀನ್‌ಲ್ಯಾಂಡಿನಲ್ಲಿ ನೆಲಸಿದ ನಾರ್ಸ್ ಜನರ ಇತಿಹಾಸ. ಸುಮಾರು 985ರಲ್ಲಿ ಐಸ್‌ಲ್ಯಾಂಡಿನಿಂದ ಬಂದ ಇವರು ದನ ಸಾಕಿದರು, ಹುಲ್ಲು ಕೂಡಿಟ್ಟರು, ಚರ್ಚು ಕಟ್ಟಿದರು, ವಾಲ್ರಸ್ ದಂತವನ್ನು ಯುರೋಪಿಗೆ ಮಾರಿದರು. 1408ರಲ್ಲಿ ಹ್ವಾಲ್ಸೆ ಚರ್ಚಿನಲ್ಲಿ ನಡೆದ ಒಂದು ಮದುವೆಯೇ ಇವರ ಕುರಿತ ಕೊನೆಯ ಲಿಖಿತ ಉಲ್ಲೇಖ. ಇವರು ಸೀಲ್ ತಿನ್ನಲೇ ಇಲ್ಲವೆಂಬ ಹಳೆಯ ವಾದ ಈಗ ನಿಲ್ಲುವುದಿಲ್ಲ. ಅಸ್ಥಿಗಳ ಪರೀಕ್ಷೆಯಿಂದ ಸಮುದ್ರಾಹಾರ ಕ್ರಮೇಣ ಹೆಚ್ಚಿದ್ದು ಗೊತ್ತಾಗಿದೆ. ಹವೆ ತಣ್ಣಗಾದದ್ದು, ದಂತದ ಪೇಟೆ ಕುಸಿದದ್ದು, ಹಡಗುಗಳು ವಿರಳವಾದದ್ದು, ಹೀಗೆ ಕಾರಣಗಳನ್ನು ಹಲವು ಬಗೆಯಲ್ಲಿ ಚರ್ಚಿಸಲಾಗಿದೆ. ಮರ, ಕಬ್ಬಿಣ, ಪಾದ್ರಿ ಮೂವರಿಗೂ ಹಡಗಿನ ದಾರಿ ಕಾಯುತ್ತಿದ್ದ ಈ ವಸತಿ ಸುಮಾರು ಐದು ಶತಮಾನ ಬಾಳಿ, ಹದಿನೈದನೆಯ ಶತಮಾನದಲ್ಲಿ ಬೇಚಿರಾಕ್ ಆಯಿತು. ಅದೇ ಗ್ರೀನ್‌ಲ್ಯಾಂಡಿನಲ್ಲಿ ಇನ್ಯೂಟರ ದೀಪ ಉರಿಯುತ್ತಲೇ ಇತ್ತು. ರಣಮಂಡಲವನ್ನು ನೆನಪಿಸುವ ಸಂಗತಿಯಿದು.

ಇಂದಿನ ಆರ್ಕ್ಟಿಕ್‌ನಲ್ಲಿ ಸುಮಾರು 40 ಲಕ್ಷ ಜನರಿದ್ದಾರೆ. ಅವರಲ್ಲಿ ಮೂಲನಿವಾಸಿಗಳು ಹತ್ತನೆಯ ಒಂದು ಪಾಲು. ಉಳಿದವರಲ್ಲಿ ಅನೇಕರು ಗಣಿ, ಬಂದರು, ಸೇನೆಗಳ ಬೆನ್ನಿಗೆ ಬಂದವರು. ವಾಡಿಯಲ್ಲಿ ರೈಲು ಜಂಕ್ಷನ್ನು ಮತ್ತು ಸಿಮೆಂಟು ಪಟ್ಟಣ ಬೆಳೆಸಿದಂತೆ ರಷ್ಯದ ನೊರಿಲ್ಸ್ಕ್‌ನಲ್ಲಿ ನಿಕ್ಕಲ್ ಒಂದೂವರೆ ಲಕ್ಷಕ್ಕೂ ಮಿಕ್ಕಿದ ಜನರ ನಗರ ಕಟ್ಟಿಸಿದೆ. ವಾಡಿಯ ಸುತ್ತ ಹೊಲಗಳಿವೆ ಎಂಬುದೇ ವ್ಯತ್ಯಾಸ. ಗಣಿಯೊಂದನ್ನೇ ನಂಬಿದ ಸ್ವಾಲ್ಬಾರ್ಡ್ ದ್ವೀಪಸಮೂಹದ ಪಿರಮಿಡೆನ್ 1998ರಲ್ಲಿ ಕಲ್ಲಿದ್ದಲಿನೊಡನೆ ಮುಚ್ಚಿಹೋಯಿತು. ಅಲ್ಲಿಯೇ ಇರುವ ಲಾಂಗ್‌ಯರ್‌ಬೈನ್‌ನಲ್ಲಿ ಸುಮಾರು 2,500 ಜನರಿದ್ದಾರೆ. ಶಾಲೆ, ಚರ್ಚು, ಅಂಗಡಿಗಳಿವೆ. ಆದರೆ ಹೆರಿಗೆಗೆ ವಾರಗಳ ಮುಂಚೆಯೇ ನಾರ್ವೆಯ ಮುಖ್ಯಭೂಮಿಗೆ ಹೋಗಬೇಕು. ಹೆಪ್ಪುನೆಲ ಶವಗಳನ್ನು ಕೊಳೆಯಿಸದೆ ಮೇಲಕ್ಕೆತ್ತುವುದರಿಂದ 1950ರಿಂದ ಹೊಸ ಶವಗಳಿಗೆ ಅಲ್ಲಿ ಮಣ್ಣಿಲ್ಲ. ಹುಟ್ಟಿನ ಸೂತಕವೂ ಸಾವಿನ ಸೂತಕವೂ ತಟ್ಟದ ವಸತಿಯನ್ನು ಭೀಮಾತೀರದ ಹಿರಿಯರು ಊರೆಂದು ಒಪ್ಪುವುದು ಕಷ್ಟ.

ಇನ್ನು ದಕ್ಷಿಣ. ಅಂಟಾರ್ಕ್ಟಿಕಾದಲ್ಲಿ ಮೂಲನಿವಾಸಿಗಳಿಲ್ಲ. 1983ರ ಜುಲೈ 21ರಂದು ವೊಸ್ಟಾಕ್ ಕೇಂದ್ರದಲ್ಲಿ ಉಷ್ಣಾಂಶ ಶೂನ್ಯಕ್ಕಿಂತ 89.2 ಡಿಗ್ರಿ ಕೆಳಗಿಳಿದಿತ್ತು. ಆದರೂ ಚಳಿಯೊಂದೇ ತಡೆಯಲ್ಲ. ದಕ್ಷಿಣ ಧ್ರುವಬಿಂದುವಿನ ಅಮುಂಡ್ಸೆನ್–ಸ್ಕಾಟ್ ಕೇಂದ್ರದಲ್ಲಿ 1957ರಿಂದ ಪ್ರತಿ ಚಳಿಗಾಲವೂ ಜನ ಇದ್ದಾರೆ. ಭಾರತ 1983–84ರಲ್ಲಿ ಸ್ಥಾಪಿಸಿದ ದಕ್ಷಿಣ ಗಂಗೋತ್ರಿ ಕೆಲವೇ ವರ್ಷಗಳಲ್ಲಿ ಹಿಮದಡಿ ಹೂತುಹೋದ್ದರಿಂದ 1989ರಲ್ಲಿ ಬಂಡೆನೆಲದ ಮೇಲೆ ಮೈತ್ರಿಯೂ 2012ರಲ್ಲಿ 134 ಸರಕು ಪೆಟ್ಟಿಗೆಗಳನ್ನು ಜೋಡಿಸಿ ಕಟ್ಟಿದ ಭಾರತಿಯೂ ಬಂದವು. ಅಲ್ಲಿನ ನೀರು ಅಲ್ಲಿಯದಾದರೂ ಅಕ್ಕಿ, ಬೇಳೆ, ಡೀಸೆಲ್ ಎಲ್ಲವೂ ಹೊರಗಿನಿಂದ ಬರಬೇಕು. ಜರ್ಮನಿಯ ನಾಯ್ಮಾಯರ್ ಕೇಂದ್ರದ ಬಳಿ 2018ರಲ್ಲಿ ಮಣ್ಣಿಲ್ಲದ ಹಸಿರುಮನೆಯೊಂದು 268 ಕಿಲೋ ಸೊಪ್ಪು ತರಕಾರಿ ಕೊಟ್ಟಿತು. ಸಾಧನೆ ಸಣ್ಣದಲ್ಲ, ಆದರೆ ಬೀಜ, ಪೋಷಕದ್ರವ, ಕೃತಕ ಬೆಳಕು ಎಲ್ಲವೂ ಆಮದಿನವು.

ಹುಟ್ಟನ್ನೂ ಅಲ್ಲಿಗೆ ಒಯ್ಯಲಾಗಿದೆ. 1978ರ ಜನವರಿ 7ರಂದು ಅರ್ಜೆಂಟೀನಾದ ಎಸ್ಪೆರಾನ್ಸಾ ನೆಲೆಯಲ್ಲಿ ಎಮಿಲಿಯೊ ಪಾಲ್ಮಾ ಜನಿಸಿದನು. 1984ರಿಂದ ಚಿಲಿ ತನ್ನ ವಿಲ್ಲಾ ಲಾಸ್ ಎಸ್ತ್ರೆಯಾಸ್‌ನಲ್ಲಿ ಕುಟುಂಬಗಳನ್ನು ಇರಿಸಿತು. ಅಲ್ಲಿ ದೀರ್ಘಕಾಲ ಇರಹೋಗುವವರು, ಮಕ್ಕಳೂ ಸೇರಿ, ಮೊದಲೇ ಅಪೆಂಡಿಕ್ಸ್ ತೆಗೆಸಿಕೊಳ್ಳಬೇಕಿತ್ತು. ಈ ಕುಟುಂಬಗಳ ಹಿಂದೆ ಭೂಮಿಯ ಮೇಲಿನ ಹಕ್ಕುದಾರಿಕೆಯ ಲೆಕ್ಕಾಚಾರವಿತ್ತು. 1959ರ ಅಂಟಾರ್ಕ್ಟಿಕ್ ಒಪ್ಪಂದ ಅಂತಹ ಹಕ್ಕುಗಳನ್ನು ಇದ್ದಲ್ಲಿಯೇ ತಡೆದು ನಿಲ್ಲಿಸಿದೆ. 1991ರ ಮ್ಯಾಡ್ರಿಡ್ ಶಿಷ್ಟಾಚಾರ ಗಣಿಗಾರಿಕೆಯನ್ನು ನಿಷೇಧಿಸಿ, ಹೊರಗಿನ ಜೀವಿಗಳನ್ನು ತರುವುದಕ್ಕೆ ಕಟ್ಟುಪಾಡು ವಿಧಿಸಿದೆ. ಅದರಂತೆ 1994ರ ಹೊತ್ತಿಗೆ ಸ್ಲೆಡ್ಜ್ ಎಳೆಯುವ ನಾಯಿಗಳೂ ಖಂಡ ಬಿಟ್ಟವು. ಹೊಲ ಹೂಡಲಾಗದ, ನಾಯಿ ಬೊಗಳದ ಆ ನೆಲದಲ್ಲಿ ಬಿಡಾರ ಶತಮಾನಗಟ್ಟಲೆ ಇರಬಹುದು. ಊರಾಗುವ ಲಕ್ಷಣ ಈಗಂತೂ ಕಾಣುವುದಿಲ್ಲ.

ಹೊಸಬರು ಧ್ರುವಕ್ಕೆ ಹೋಗಬಲ್ಲರೇ ಎಂಬ ಚರ್ಚೆಯಲ್ಲಿ ಅಲ್ಲಿ ಇದ್ದವರೇ ಇರಲಾಗದ ಸ್ಥಿತಿ ಮರೆಯಾಗಬಾರದು. ಉತ್ತರ ಕರ್ನಾಟಕದ ಹಗೇವು ನೆಲವನ್ನು ನಂಬಿ ಧಾನ್ಯವಿಡುವ ವ್ಯವಸ್ಥೆಯಾದರೆ, ಅಲಾಸ್ಕಾದ ಉತ್ಕಿಯಾಗ್ವಿಕ್‌ನ ಇನ್ಯೂಪಿಯಾತ್ ಜನರದು ಹೆಪ್ಪುನೆಲದಲ್ಲಿ ತೋಡಿದ ತಿಮಿಂಗಿಲ ಮಾಂಸದ ಹಗೇವು. ನೆಲ ಕರಗಿ ಆ ನೆಲಮಾಳಿಗೆಗಳಲ್ಲಿ ಈಗ ನೀರು ನಿಲ್ಲುತ್ತಿದೆ. ಆರ್ಕ್ಟಿಕ್ ವೃತ್ತಕ್ಕೆ ದಕ್ಷಿಣದಲ್ಲಿದ್ದರೂ ಅಂತಹುದೇ ನೆಲದ ಮೇಲಿದ್ದ ಯೂಪಿಕ್ ಜನರ ನ್ಯೂಟಾಕ್ ಹಳ್ಳಿಯ ದಂಡೆಯನ್ನು ನಿಂಗ್ಲಿಕ್ ನದಿ ವರ್ಷವರ್ಷವೂ ಕೊರೆಯಿತು. 2019ರಲ್ಲಿ ಆರಂಭವಾದ ಸ್ಥಳಾಂತರ 2024ರಲ್ಲಿ ಮುಗಿದು ನ್ಯೂಟಾಕ್ ಬೇಚಿರಾಕ್ ಆಯಿತು. ಸುಮಾರು ಒಂಬತ್ತು ಮೈಲಿ ದೂರದಲ್ಲಿ ಅವರು ಕಟ್ಟಿಕೊಂಡ ಹೊಸ ಊರಿನ ಹೆಸರು ಮೆರ್ತಾರ್ವಿಕ್. ಊಟೆಯಿಂದ ನೀರು ತರುವುದೆಂದು ಯೂಪಿಕ್ ಭಾಷೆಯಲ್ಲಿ ಅದರ ಅರ್ಥ.