ಕರಡಿಗೆ ಪಟ್ಟ ಕಟ್ಟಿದವರು ಯಾರು?

ವ್ಯಂಗ್ಯಚಿತ್ರದಲ್ಲಿ ಕರಡಿ ಕಂಡರೆ ಅದು ರಷ್ಯಾ ಎಂದು ನೀವು ಥಟ್ಟನೆ ಹೇಳುತ್ತೀರಿ. ಆದರೆ ರಷ್ಯಾದ ರಾಜಲಾಂಛನದಲ್ಲಿ ಕರಡಿಯೇ ಇಲ್ಲ! ಅಲ್ಲಿರುವುದು ಎರಡು ತಲೆಯ ಹದ್ದು. ನಮ್ಮ ರಾಜ್ಯಲಾಂಛನದ ಗಂಡಭೇರುಂಡವನ್ನು ನೆನಪಿಸುವಂಥದ್ದು. ಮೂರನೆಯ ಇವಾನನ 1497ರ ಮುದ್ರೆಯಲ್ಲಿದ್ದ ಆ ಹದ್ದು 1917ರ ಕ್ರಾಂತಿಯ ನಂತರ ಮರೆಯಾಗಿ, 1993ರಲ್ಲಿ ಮರಳಿತು.

ಹಾಗಾದರೆ ಕರಡಿ ಎಲ್ಲಿಂದ ಬಂತು? ಯಾರೊಸ್ಲಾವ್ಲ್‌ನಂತಹ ಕೆಲವು ನಗರಗಳ ಲಾಂಛನದಲ್ಲಿ ಅದು ಉಂಟು. ಆದರೆ ಇಡೀ ದೇಶಕ್ಕೆ ಅದನ್ನು ಅಂಟಿಸಿದವರು ಬಹುಮಟ್ಟಿಗೆ ಹೊರಗಿನವರು. ಲಂಡನ್ನಿನ 'ಪಂಚ್' ಪತ್ರಿಕೆ 1878ರಲ್ಲಿ ಒಂದು ಚಿತ್ರ ಪ್ರಕಟಿಸಿತು. ನಡುವೆ ಆಫ್ಘಾನಿಸ್ತಾನದ ಅಮೀರ. ಒಂದು ಬದಿಗೆ ಕರಡಿ, ಇನ್ನೊಂದು ಬದಿಗೆ ಸಿಂಹ. ಗಮನಿಸಿ, ಚಿತ್ರ ಬರೆದ ಬ್ರಿಟಿಷರು ಸಿಂಹವನ್ನು ತಮಗೆ ಇಟ್ಟುಕೊಂಡು, ಒರಟು ಕರಡಿಯನ್ನು ಎದುರಾಳಿಗೆ ಕೊಟ್ಟರು. ಮುಂದೆ ರಷ್ಯನ್ನರೇ ಅದನ್ನು ತಮ್ಮದಾಗಿಸಿಕೊಂಡರು. 1980ರ ಮಾಸ್ಕೋ ಒಲಿಂಪಿಕ್ಸ್‌ನಲ್ಲಿ 'ಮೀಶಾ' ಎಂಬ ನಗುಮುಖದ ಮರಿಕರಡಿ ಜಗತ್ತಿನ ಮಕ್ಕಳ ಮನಗೆದ್ದಿತು. ಪ್ರಾಣಿ ಒಂದೇ, ಬರೆದ ಕೈ ಬೇರೆ, ಅರ್ಥ ಬೇರೆ.

ಪ್ರಾಣಿಯೊಂದು ಊರಿನ ಗುರುತಾದ ಕಥೆ ನಮ್ಮಲ್ಲಿಯೂ ಇದೆ. ಅದೇ ಮುಧೋಳ ನಾಯಿ. ಜಮಖಂಡಿ, ಬೀಳಗಿ, ರಬಕವಿ-ಬನಹಟ್ಟಿಯ ಓದುಗರಿಗೆ ಅದರ ಪರಿಚಯ ಹೇಳಬೇಕಿಲ್ಲ: ಕಿರಿದಾದ ತಲೆ, ಆಳವಾದ ಎದೆ, ಉದ್ದನೆಯ ಕಾಲು. ವಾಸನೆಗಿಂತ ಕಣ್ಣನ್ನು ನಂಬಿ ಬೇಟೆಯನ್ನು ಬೆನ್ನಟ್ಟುವ ತಳಿ ಇದು. ಮುಧೋಳ ಸಂಸ್ಥಾನದ ಮಾಲೋಜಿರಾವ್ ಘೋರ್ಪಡೆಯವರು ಇದನ್ನು ಪೋಷಿಸಿದರು. ಊರಿನ ಹೆಸರೇ ನಾಯಿಗೆ ನಿಂತಿತು. 2005ರಲ್ಲಿ ಅಂಚೆಚೀಟಿಯ ಮೇಲೆ ಅದರ ಚಿತ್ರ ಬಂತು. 2016ರಲ್ಲಿ ಮರಿಗಳು ಸೇನೆಯ ತರಬೇತಿಗೆಂದು ಮೀರತ್‌ಗೆ ಹೋದವು. ಮುಧೋಳ ಬಳಿಯ ತಿಮ್ಮಾಪುರದಲ್ಲಿ ಈ ತಳಿಗಾಗಿಯೇ ಸಂಶೋಧನಾ ಕೇಂದ್ರವಿದೆ.

ಆದರೆ ಅರಮನೆಗೆ ಬರುವ ಮುನ್ನ ಈ ನಾಯಿಯನ್ನು ಸಾಕಿಕೊಂಡು ಬಂದವರು ಬೇಡರು, ಕುರಿಗಾರರು. ಗಡಿಯಾಚೆಯ ಮಹಾರಾಷ್ಟ್ರದಲ್ಲಿ ಇದೇ ನಾಯಿಗೆ 'ಕಾರವಾನ್' ಎಂಬ ಹೆಸರು. ಅರಮನೆಯ ಊರು ಹೆಸರಿನಲ್ಲಿ ಉಳಿಯಿತು. ಅನ್ನ ಹಾಕಿದವರ ನೆನಪು ಮಸುಕಾಯಿತು.

ಆದ್ದರಿಂದ ಮಿತ್ರರೇ, ಒಂದು ದೇಶವನ್ನೋ ಊರನ್ನೋ ಪ್ರಾಣಿಯ ರೂಪದಲ್ಲಿ ತೋರಿಸಿದಾಗ ಎರಡು ಪ್ರಶ್ನೆ ಕೇಳಿ. ಈ ಚಿತ್ರ ಬರೆದವರು ಯಾರು? ಅದರಲ್ಲಿ ಬಿಟ್ಟುಹೋದವರು ಯಾರು? ಮೊದಲನೆಯದಕ್ಕೆ ಪುಸ್ತಕದಲ್ಲಿ ಉತ್ತರ ಸಿಕ್ಕೀತು. ಎರಡನೆಯದಕ್ಕೆ ನಿಮ್ಮೂರಿನ ಕುರಿಗಾರ ಅಜ್ಜನನ್ನೇ ಮಾತನಾಡಿಸಬೇಕು.